ಶೇಕಡಾ ಮಿಶ್ರಣದ ಲೆಕ್ಕಗಳಲ್ಲಿ ಮಕ್ಕಳು ಎಡವುವುದೆಲ್ಲಿ?

ಪ್ರಶ್ನೆ (ಗದಗ-ಬೆಟಗೇರಿಯಿಂದ, ಎಂಟನೆಯ ತರಗತಿಯ ವಿದ್ಯಾರ್ಥಿನಿಯ ತಂದೆ):
ಗುರುಗಳೇ, ನನ್ನ ಮಗಳು ಶೇಕಡಾ ಲೆಕ್ಕಗಳನ್ನು ಬಿಡಿಯಾಗಿ ಕೊಟ್ಟರೆ ಸರಾಗವಾಗಿ ಮಾಡುತ್ತಾಳೆ. ಮಿಶ್ರಣದ ಲೆಕ್ಕ ಬಂದ ಕೂಡಲೇ ಗೊಂದಲಕ್ಕೆ ಬೀಳುತ್ತಾಳೆ. ಶೇಕಡಾ 10ರಷ್ಟು ಉಪ್ಪಿರುವ 5 ಕಿಲೋ ಉಪ್ಪುನೀರಿಗೆ ಶೇಕಡಾ 30ರಷ್ಟು ಉಪ್ಪಿರುವ 5 ಕಿಲೋ ಉಪ್ಪುನೀರು ಕೂಡಿಸಿದರೆ ಮಿಶ್ರಣದಲ್ಲಿ ಉಪ್ಪು ಶೇಕಡಾ ಎಷ್ಟು ಎಂಬುದಕ್ಕೆ 20 ಎಂದು ಬರೆದಳು, ಸರಿಯಾಗಿತ್ತು. ಮರುದಿನ ಅದೇ ಉಪ್ಪುನೀರು 6 ಕಿಲೋ ಮತ್ತು 2 ಕಿಲೋ ಎಂದು ಬದಲಾಗಿ ಬಂದಾಗಲೂ 20 ಎಂದೇ ಬರೆದಳು. ಸರಿಯುತ್ತರ 15 ಎಂದಿದೆ. ನಿನ್ನೆ ಸರಿಯಾಗಿದ್ದ ರೀತಿ ಇಂದು ಏಕೆ ತಪ್ಪಾಯಿತೆಂದು ಅವಳು ಕೇಳಿದರೆ ನನಗೆ ಹೇಳಲು ಬರಲಿಲ್ಲ.

ಉತ್ತರ (ಗಣಿತ ಶಿಕ್ಷಕ, ಧಾರವಾಡ):
ನಿಮ್ಮ ಮಗಳ ತಪ್ಪು ಮೊದಲನೆಯ ದಿನವೇ ಆಗಿತ್ತು. ಉತ್ತರ ಸರಿಯಾಗಿ ಬಂದದ್ದರಿಂದ ಅದು ಯಾರ ಕಣ್ಣಿಗೂ ಬೀಳಲಿಲ್ಲ. 10 ಮತ್ತು 30ನ್ನು ಕೂಡಿಸಿ ಎರಡರಿಂದ ಭಾಗಿಸುವ ರೀತಿ ಎರಡೂ ಪಾತ್ರೆಗಳಲ್ಲಿ ಸಮತೂಕದ ದ್ರಾವಣ ಇದ್ದಾಗ ಮಾತ್ರ ನಡೆಯುತ್ತದೆ. ನಾನು ತರಗತಿಯಲ್ಲಿ ಈ ಪಾಠವನ್ನು ಸಮತೂಕದ ಲೆಕ್ಕದಿಂದ ಆರಂಭಿಸುವುದನ್ನು ಬಹಳ ಹಿಂದೆಯೇ ಬಿಟ್ಟಿದ್ದೇನೆ, ಏಕೆಂದರೆ ಆ ಸುಲಭದ ಲೆಕ್ಕವೇ ಮಕ್ಕಳಿಗೆ ತಪ್ಪು ದಾರಿಯನ್ನು ಕಲಿಸುತ್ತದೆ.

ಶೇಕಡಾವನ್ನು ಶೇಕಡಾಕ್ಕೆ ಕೂಡಿಸಲು ಬರುವುದಿಲ್ಲ. ಕೂಡಿಸಲು ಬರುವುದು ಉಪ್ಪನ್ನು. ಆದ್ದರಿಂದ ಪ್ರತಿ ಪಾತ್ರೆಯ ಮುಂದೆ ಒಂದೇ ಪ್ರಶ್ನೆ ಕೇಳಿಸಿರಿ: ಇದರೊಳಗೆ ಉಪ್ಪು ಎಷ್ಟು ಗ್ರಾಂ ಇದೆ? 6 ಕಿಲೋದ ಶೇಕಡಾ 10 ಎಂದರೆ 600 ಗ್ರಾಂ, 2 ಕಿಲೋದ ಶೇಕಡಾ 30 ಎಂದರೆ ಅದೂ 600 ಗ್ರಾಂ. ಒಟ್ಟು ಉಪ್ಪು 1,200 ಗ್ರಾಂ, ಒಟ್ಟು ದ್ರಾವಣ 8 ಕಿಲೋ, ಆದ್ದರಿಂದ ಶೇಕಡಾ 15. ಉತ್ತರ 20ಕ್ಕಿಂತ ಕಡಿಮೆಯೇ ಬರಬೇಕೆಂಬುದನ್ನು ಲೆಕ್ಕ ಮಾಡುವ ಮೊದಲೇ ಊಹಿಸಲು ಹೇಳಿರಿ: ತೆಳು ಉಪ್ಪುನೀರು ಹೆಚ್ಚಿರುವಾಗ ಮಿಶ್ರಣವೂ ತೆಳುವಿನ ಕಡೆಗೇ ವಾಲುತ್ತದೆ. ಸಾರಿಗೆ ನೀರು ಹೆಚ್ಚಾದರೆ ರುಚಿ ಏನಾಗುತ್ತದೆಂದು ಬಲ್ಲ ಹುಡುಗಿಗೆ ಇದು ಹೊಸ ವಿಷಯವೇನಲ್ಲ.

ಮರುಪ್ರಶ್ನೆ (ಅದೇ ತಂದೆ):
ತಿಳಿಯಿತು. ಆದರೆ ಎರಡರಲ್ಲಿ ಒಂದರ ತೂಕವನ್ನೇ ಕೊಡದೆ, ಅದನ್ನು ಕಂಡುಹಿಡಿಯಲು ಹೇಳಿದರೆ?

ಉತ್ತರ:
ಮಾಡುವ ಕೆಲಸ ಅದೇ, ತಿಳಿಯದ ತೂಕಕ್ಕೆ ‘ಕ್ಷ’ ಎಂದು ಹೆಸರಿಡಬೇಕು, ಅಷ್ಟೆ. ಹಾಲಿನ ಪಾಕೀಟುಗಳನ್ನೇ ತೆಗೆದುಕೊಳ್ಳೋಣ. ಟೋನ್ಡ್ ಹಾಲಿನಲ್ಲಿ ಕೊಬ್ಬು ಕನಿಷ್ಠ ಶೇಕಡಾ 3, ಫುಲ್ ಕ್ರೀಮ್ ಹಾಲಿನಲ್ಲಿ ಕನಿಷ್ಠ ಶೇಕಡಾ 6 ಇರಬೇಕೆಂಬುದು ನಮ್ಮ ದೇಶದ ನಿಯಮ. ಈ ಎರಡು ಪ್ರಮಾಣಗಳನ್ನೇ ನಿಖರವೆಂದು ಹಿಡಿದು, 2 ಕಿಲೋ ಫುಲ್ ಕ್ರೀಮ್ ಹಾಲಿಗೆ ಎಷ್ಟು ಟೋನ್ಡ್ ಹಾಲು ಬೆರೆಸಿದರೆ ಶೇಕಡಾ 4 ಕೊಬ್ಬಿನ ಹಾಲು ದೊರೆಯುತ್ತದೆಂದು ಕೇಳಿರಿ.

ಸಮೀಕರಣ ಬರೆಯುವ ಮುನ್ನ, ಹಾಲನ್ನು ಬೆರೆಸುವಾಗ ಕೊಬ್ಬು ಎಲ್ಲಿಗೂ ಹೋಗುವುದಿಲ್ಲ, ಎಲ್ಲಿಂದಲೂ ಬರುವುದಿಲ್ಲ ಎಂಬ ಮಾತನ್ನು ಮಗುವಿನ ಬಾಯಿಂದಲೇ ಹೇಳಿಸಬೇಕು. ಹಾಗೆ ಹೇಳಿದ ಮಗು ಎಡಗಡೆಯಲ್ಲಿ ಬೆರೆಸುವ ಮುಂಚಿನ ಕೊಬ್ಬನ್ನೂ ಬಲಗಡೆಯಲ್ಲಿ ಬೆರೆಸಿದ ನಂತರದ ಕೊಬ್ಬನ್ನೂ ತಾನಾಗಿಯೇ ಬರೆಯುತ್ತದೆ. ಎರಡೂ ಕಡೆ ನೂರರಿಂದ ಗುಣಿಸಿಕೊಂಡರೆ ದಶಮಾಂಶದ ಕಾಟವಿಲ್ಲ: 6 × 2 + 3 × ಕ್ಷ = 4 × (2 + ಕ್ಷ). ಬಿಡಿಸಿದರೆ 12 + 3ಕ್ಷ = 8 + 4ಕ್ಷ, ಅಂದರೆ ಕ್ಷ = 4 ಕಿಲೋ.

ಇಲ್ಲಿ ಮಕ್ಕಳು ಬಲಗಡೆಯ ಆವರಣದೊಳಗೆ 2ನ್ನು ಮರೆತು ಬರೀ 4ಕ್ಷ ಎಂದು ಬರೆಯುತ್ತಾರೆ. ಪರೀಕ್ಷೆಯ ಉತ್ತರಪತ್ರಿಕೆಗಳಲ್ಲಿ ನಾನು ಅತಿ ಹೆಚ್ಚು ಕಂಡ ತಪ್ಪು ಇದೇ. ಶೇಕಡಾ 4 ಎಂಬುದು ಯಾವುದರ ಶೇಕಡಾ ಎಂದು ಬೆರಳಿಟ್ಟು ಕೇಳಿದರೆ ಸಾಕು, ಒಟ್ಟು ಹಾಲಿನದು ಎಂದು ಅವರೇ ತಿದ್ದಿಕೊಳ್ಳುತ್ತಾರೆ. ಬರೀ ನೀರು ಬೆರೆಸುವ ಲೆಕ್ಕದಲ್ಲಿ ಅದನ್ನು ಶೇಕಡಾ 0 ಎಂದೂ, ಬರೀ ಉಪ್ಪು ಹಾಕುವ ಲೆಕ್ಕದಲ್ಲಿ ಅದನ್ನು ಶೇಕಡಾ 100 ಎಂದೂ ಬರೆದರೆ ಅವೂ ಇದೇ ಸಾಲಿಗೆ ಸೇರುತ್ತವೆ.

ಇನ್ನೊಬ್ಬರ ಪ್ರಶ್ನೆ (ಹುಬ್ಬಳ್ಳಿಯಿಂದ):
ನಾನು ಧಾರವಾಡದಲ್ಲಿ ಸ್ಪರ್ಧಾತ್ಮಕ ಪರೀಕ್ಷೆಗೆ ತಯಾರಿ ನಡೆಸಿದ್ದೇನೆ. ತರಬೇತಿಯಲ್ಲಿ ಇಂಥ ಲೆಕ್ಕವನ್ನು ಗುಣಾಕಾರದ ಚಿಹ್ನೆಯಂತೆ ಅಡ್ಡಗೆರೆ ಹಾಕಿ ಹತ್ತು ಸೆಕೆಂಡಿನಲ್ಲಿ ಮಾಡಿಸುತ್ತಾರೆ. ತಮ್ಮನಿಗೂ ಅದನ್ನೇ ಕಲಿಸಬಹುದಲ್ಲವೇ?

ಉತ್ತರ:
ಕಲಿಸಿರಿ, ಆದರೆ ಸಮೀಕರಣ ಕೈಹತ್ತಿದ ನಂತರ ಮತ್ತು ಕಾರಣದ ಸಮೇತ. ಮೇಲಿನ ಹಾಲಿನ ಲೆಕ್ಕದಲ್ಲಿ ನಮಗೆ ಬೇಕಾದದ್ದು ಶೇಕಡಾ 4. ಫುಲ್ ಕ್ರೀಮ್ ಹಾಲಿನ ಪ್ರತಿ ಕಿಲೋದಲ್ಲಿ ಬೇಕಾದದ್ದಕ್ಕಿಂತ 2 ಪಾಲು ಹೆಚ್ಚು ಕೊಬ್ಬಿದೆ, ಟೋನ್ಡ್ ಹಾಲಿನ ಪ್ರತಿ ಕಿಲೋದಲ್ಲಿ 1 ಪಾಲು ಕೊರತೆಯಿದೆ. ಹೆಚ್ಚಿದ್ದದ್ದು ಕೊರತೆಯನ್ನು ತುಂಬಬೇಕಾದರೆ ಒಂದು ಕಿಲೋ ಫುಲ್ ಕ್ರೀಮಿಗೆ ಎರಡು ಕಿಲೋ ಟೋನ್ಡ್ ಬೇಕು. 1:2 ಎಂಬ ಅನುಪಾತ ಅಡ್ಡಗೆರೆಯಲ್ಲಿ ಹುಟ್ಟುವುದು ಹೀಗೆ. ಇದನ್ನು ತಿಳಿಯದೆ ಗೆರೆ ಹಾಕುವವರು ಅನುಪಾತವನ್ನು 2:1 ಎಂದು ತಿರುಗಿಸಿ ಬರೆಯುವುದು ಸಾಮಾನ್ಯ.

ಪ್ರಸಂಗವಶಾತ್ ಹೇಳುವುದಾದರೆ, ರಾಷ್ಟ್ರಕೂಟ ದೊರೆ ಅಮೋಘವರ್ಷನ ಕಾಲದಲ್ಲಿ, 9ನೆಯ ಶತಮಾನದಲ್ಲಿ, ಮಹಾವೀರಾಚಾರ್ಯನು ‘ಮಿಶ್ರಕ ವ್ಯವಹಾರ’ ಎಂಬ ಪ್ರತ್ಯೇಕ ಅಧ್ಯಾಯವನ್ನೇ ಬರೆದು, ಬೇರೆ ಬೇರೆ ವರ್ಣದ, ಎಂದರೆ ಬೇರೆ ಬೇರೆ ಶುದ್ಧತೆಯ, ಚಿನ್ನವನ್ನು ಕರಗಿಸಿ ಕೂಡಿಸುವ ಲೆಕ್ಕಗಳನ್ನು ಅದರಲ್ಲಿ ಹೇಳಿದ್ದಾನೆ. ಅಲ್ಲಿಯೂ ತೂಕವನ್ನು ವರ್ಣದಿಂದ ಗುಣಿಸಿ, ಎಲ್ಲವನ್ನೂ ಕೂಡಿಸಿ, ಒಟ್ಟು ತೂಕದಿಂದ ಭಾಗಿಸುವುದೇ ಕ್ರಮ.

ಮತ್ತೊಬ್ಬರ ಪ್ರಶ್ನೆ (ಬ್ಯಾಡಗಿಯಿಂದ):
ಮಗನ ಅಭ್ಯಾಸದ ಹಾಳೆಯಲ್ಲಿ ಹೀಗೊಂದು ಲೆಕ್ಕವಿದೆ: ಶೇಕಡಾ 70 ತೇವಾಂಶವಿರುವ 60 ಕಿಲೋ ಹಸಿ ಮೆಣಸಿನಕಾಯಿಯನ್ನು ತೇವಾಂಶ ಶೇಕಡಾ 10ಕ್ಕೆ ಇಳಿಯುವವರೆಗೆ ಒಣಗಿಸಿದರೆ ತೂಕ ಎಷ್ಟು ಉಳಿಯುತ್ತದೆ? ತೇವಾಂಶ 60ರಷ್ಟು ಇಳಿದಿದೆ, 60 ಕಿಲೋದ ಶೇಕಡಾ 60 ಎಂದರೆ 36 ಕಿಲೋ, ಆದ್ದರಿಂದ 24 ಕಿಲೋ ಉಳಿಯುತ್ತದೆ ಎಂದು ಅವನು ವಾದಿಸುತ್ತಾನೆ. ಇಲ್ಲಿ ಏನನ್ನೂ ಬೆರೆಸಿಲ್ಲವಲ್ಲ, ಇದೂ ಮಿಶ್ರಣದ ಲೆಕ್ಕವೇ?

ಉತ್ತರ:
ಹೌದು, ಹಿಂದುಮುಂದಾದ ಮಿಶ್ರಣ: ನೀರನ್ನು ಕೂಡಿಸುವ ಬದಲು ಕಳೆಯುತ್ತಿದ್ದೇವೆ. ನನ್ನ ದೃಷ್ಟಿಯಲ್ಲಿ ಈ ಪಾಠದ ಅತ್ಯಂತ ಚೆಂದದ ಲೆಕ್ಕ ಇದು, ಬ್ಯಾಡಗಿಯ ಹುಡುಗನಿಗಂತೂ ಅಂಗಳದಲ್ಲೇ ಹರಡಿರುವ ಲೆಕ್ಕ. ಮೊದಲಿನ 70 ಎಂಬುದು 60 ಕಿಲೋ ಹಸಿ ಕಾಯಿಯ ಶೇಕಡಾ. ಕೊನೆಯ 10 ಎಂಬುದು ಒಣಗಿದ ಕಾಯಿಯ ತೂಕದ ಶೇಕಡಾ, ಆ ತೂಕ ಎಷ್ಟೆಂಬುದು ನಮಗಿನ್ನೂ ತಿಳಿದೇ ಇಲ್ಲ. ಬೇರೆ ಬೇರೆ ತೂಕಗಳಿಗೆ ಸೇರಿದ ಈ ಎರಡು ಶೇಕಡಾಗಳನ್ನು ಒಂದರಿಂದ ಒಂದು ಕಳೆದದ್ದೇ ನಿಮ್ಮ ಮಗನ ತಪ್ಪು.

ಬಿಸಿಲಿನಲ್ಲಿ ನೀರು ಹೋಗುತ್ತದೆ, ಸಿಪ್ಪೆ ಬೀಜಗಳ ಒಣ ಭಾಗ ಹೋಗುವುದಿಲ್ಲ. ಹಸಿ ಕಾಯಿಯಲ್ಲಿ ಒಣ ಭಾಗ ಶೇಕಡಾ 30, ಎಂದರೆ 18 ಕಿಲೋ. ಒಣಗಿದ ಮೇಲೂ ಅದೇ 18 ಕಿಲೋ ಇರುತ್ತದೆ, ಆದರೆ ಆಗ ಅದು ಒಟ್ಟು ತೂಕದ ಶೇಕಡಾ 90 ಆಗಿರುತ್ತದೆ. ಯಾವ ತೂಕದ ಶೇಕಡಾ 90 ಎಂದರೆ 18 ಕಿಲೋ? 20 ಕಿಲೋದ್ದು. ತಾಳೆ ನೋಡಲು ಮಗನ 24 ಕಿಲೋವನ್ನೇ ಅವನ ಮುಂದಿಡಿರಿ: ಅದರಲ್ಲಿ 18 ಕಿಲೋ ಒಣ ಭಾಗ ತೆಗೆದರೆ 6 ಕಿಲೋ ನೀರು ಉಳಿಯುತ್ತದೆ, ಅದು ಶೇಕಡಾ 25 ತೇವಾಂಶವಾಯಿತು, ಅಂಥ ಕಾಯಿಯನ್ನು ಚೀಲಕ್ಕೆ ತುಂಬಿದರೆ ಬೂಷ್ಟು ಹಿಡಿಯುತ್ತದೆಂಬುದನ್ನು ನೀವೇ ಅವನಿಗೆ ನನಗಿಂತ ಚೆನ್ನಾಗಿ ಹೇಳಬಲ್ಲಿರಿ.