ಆವತ್ತು ನನ್ನ ಕಾರು ಗ್ಯಾರೇಜಲ್ಲಿತ್ತು, ಆದ್ರೂ ಆಕ್ಸಿಡೆಂಟ್ ಕ್ಲೇಮ್ ನೋಟಿಸ್ ಬಂದಿದೆ

ತುಮಕೂರು_ಹೈದ:
ಗೊತ್ತಿರೋರು ಸ್ವಲ್ಪ ಹೇಳಿ. ಪಕ್ಕದ ಊರಿನವ್ರೊಬ್ರು ರಾತ್ರಿ ಬೈಕಲ್ಲಿ ಬರ್ತಾ ನಾಯಿ ಅಡ್ಡ ಬಂದು ಬಿದ್ದು ಕಾಲು ಮುರ್ಕೊಂಡ್ರು, ಊರಿಗೆಲ್ಲ ಗೊತ್ತಿರೋ ವಿಷ್ಯ. 24 ದಿನ ಆದ್ಮೇಲೆ ಎಫ್‌ಐಆರ್, ಗುದ್ದಿದ್ದು ನನ್ನ ಕಾರಂತೆ! ಈಗ 12 ಲಕ್ಷ ಕೇಳಿ ಎಂಎಸಿಟಿಲಿ (ವಾಹನ ಅಪಘಾತದ ಪರಿಹಾರ ತೀರ್ಮಾನ ಮಾಡೋ ಕೋರ್ಟು) ಕೇಸ್ ಹಾಕಿದಾರೆ. ಇನ್ಶೂರೆನ್ಸ್ ಇದ್ಯಲ್ಲ ಕಂಪ್ನಿಯವ್ರು ಕಟ್ಕೊಳ್ತಾರೆ, ನೀನು ಕೋರ್ಟಿಗೆ ಹೋಗ್ಬೇಡ ಅಂತಾರೆ ಮನೇಲಿ. ಎಫ್‌ಐಆರ್ ಲೇಟು ಅಂದ್ರೆ ಸಾಕಾ, ಕೇಸ್ ಬಿದ್ದೋಗುತ್ತಾ?

ಕರಿಕೋಟು:
ಬೀಳಲ್ಲ ಸಾರ್. ಮನೆಯವ್ರು ಮೊದ್ಲು ಗಾಯಾಳು ಕರ್ಕೊಂಡು ಆಸ್ಪತ್ರೆಗೆ ಓಡ್ತಾರೆ, ಸ್ಟೇಷನ್ ಆಮೇಲೆ, ಹಾಗಾಗಿ ಲೇಟ್ ಆಯ್ತು ಅನ್ನೋ ಒಂದೇ ಕಾರಣಕ್ಕೆ ಕ್ಲೇಮ್ ತಳ್ಳಿಹಾಕೋ ಹಾಗಿಲ್ಲ ಅಂತ ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿದೆ. ಕ್ರಿಮಿನಲ್ ಕೇಸಿನ ಹಾಗೆ ಸಂಶಯಕ್ಕೆ ಎಡೆ ಇಲ್ಲದ ಪುರಾವೆನೂ ಇಲ್ಲಿ ಕೇಳಲ್ಲ, ಯಾರ ಮಾತು ಹೆಚ್ಚು ನಂಬೋ ಹಾಗಿದೆ ಅಂತ ನೋಡ್ತಾರೆ ಅಷ್ಟೆ. ನಿಮ್ಗೆ ಬೇಕಾಗಿರೋದು ಮೊದಲ ಆಸ್ಪತ್ರೆಯ ಎಂಎಲ್‌ಸಿ ರಿಜಿಸ್ಟರ್, ಅಂದ್ರೆ ಅಪಘಾತ, ಹೊಡೆದಾಟದಂಥ ಪೊಲೀಸ್ ಕೇಸ್ ಆಗೋ ಗಾಯಗಳನ್ನ ದಾಖಲಿಸೋ ಪುಸ್ತಕ. ಹೆಂಗಾಯ್ತು ಅಂತ ಕೇಳಿ ಡಾಕ್ಟ್ರು ಬರ್ಕೊಂಡಿರ್ತಾರೆ, ಆಗಿನ್ನೂ ದುಡ್ಡಿನ ಯೋಚ್ನೆ ಯಾರ ತಲೇಲೂ ಇರಲ್ಲ. ಅಲ್ಲಿ 'ಬೈಕಿಂದ ಬಿದ್ದು' ಅಂತಿದ್ರೆ ರೆಕಾರ್ಡ್ ತರಿಸಿ ಪಾಟಿ ಸವಾಲು ಮಾಡ್ಬೋದು. ಆದ್ರೆ ನೀವು ಹಾಜರಾಗಿ ತಕರಾರು ಹಾಕ್ಲೇಬೇಕು. ನೀವು ಬರ್ದೇ ಎಕ್ಸ್‌ಪಾರ್ಟಿ (ಒಂದೇ ಕಡೆಯವ್ರ ಮಾತು ಕೇಳಿ ತೀರ್ಮಾನ) ಆದ್ರೆ 'ಕಾರು ಗ್ಯಾರೇಜಲ್ಲಿತ್ತು' ಅಂತ ಹೇಳೋರು ಯಾರು? ಡ್ರೈವರ್ ಲೈಸೆನ್ಸಲ್ಲೇನಾದ್ರೂ ಎಡವಟ್ಟಿದ್ರಂತೂ ಕಂಪ್ನಿ ಮೊದ್ಲು ಅವ್ರಿಗೆ ಕಟ್ಟಿ ಆಮೇಲೆ ನಿಮ್ಮಿಂದ್ಲೇ ವಸೂಲಿಗೆ ಬರ್ಬೋದು.

ಹಳೆ_ಸರ್ವೇಯರ್:
ಒಂದು ಮಾತು, ಎಫ್‌ಐಆರ್ ಕೇಸಿಗೆ ಮ್ಯಾಜಿಸ್ಟ್ರೇಟ್ ಕೋರ್ಟಲ್ಲಿ ತಪ್ಪು ಒಪ್ಕೊಂಡು ಫೈನ್ ಕಟ್ಟಿ ಮುಗಿಸ್ಕೊಳಿ ಅಂತ ಯಾರಾದ್ರೂ ಪುಕ್ಕಟೆ ಸಲಹೆ ಕೊಡ್ತಾರೆ, ಕೇಳ್ಬೇಡಿ!! ಆ ಆರ್ಡರ್ ಕಾಪಿನೇ ತಂದು ಈ ಪರಿಹಾರದ ಕೇಸಲ್ಲಿ ನಿಮ್ಮ ವಿರುದ್ಧ ಹಾಕ್ತಾರೆ. ಡ್ರೈವರ್ ಯಾರು ಅಂತ ಪೊಲೀಸ್ರು 133 ನೋಟಿಸ್ ಕೊಟ್ಟಿದ್ರಾ, ಏನಂತ ಬರ್ಕೊಟ್ರಿ? ಗ್ಯಾರೇಜಿನ ಜಾಬ್ ಕಾರ್ಡ್, ಬಿಲ್ಲು ಈಗ್ಲೇ ಇಸ್ಕೊಳಿ. ಆರ್‌ಟಿಓ ಇನ್ಸ್‌ಪೆಕ್ಟರ್ ರಿಪೋರ್ಟಲ್ಲಿ ಕಾರಿಗೆ ಡ್ಯಾಮೇಜ್ ಏನು ಬರ್ದಿದಾರೆ ನೋಡಿ. ಯುಪಿಲಿ ಇಂಥ ಸುಳ್ಳು ಕ್ಲೇಮ್ ಜಾಸ್ತಿಯಾಗಿ 2015ರಲ್ಲಿ ಅಲಹಾಬಾದ್ ಹೈಕೋರ್ಟ್ ಎಸ್‌ಐಟಿನೇ ಮಾಡ್ಸಿತ್ತು.

ಮಲ್ನಾಡ್_ಹುಡ್ಗಿ:
ಎಲ್ರೂ ಕಳ್ರು ಅನ್ಬೇಡಿ ಪ್ಲೀಸ್. ನಮ್ಮಪ್ಪಂಗೆ ನಿಜವಾಗ್ಲೂ ಲಾರಿ ಗುದ್ದಿತ್ತು, ಎತ್ಕೊಂಡ್ಬಂದ ಆಟೋದವ್ನು ಸಾಕ್ಷಿ ಗೀಕ್ಷಿ ಅಂತ ಅಲೆದಾಡ್ಬೇಕಾಗತ್ತೆ ಅಂತ ಹೆದ್ರಿ 'ಬಿದ್ರು' ಅಂದ್ಬಿಟ್ಟ, ಆಸ್ಪತ್ರೇಲಿ ಹಂಗೇ ಬರ್ಕೊಂಡ್ರು. ಅಪ್ಪಂಗೆ ಪ್ರಜ್ಞೆನೇ ಇರ್ಲಿಲ್ಲ. ಆ ಒಂದು ಸಾಲಿಗೆ ಮೂರು ವರ್ಷ ಓಡಾಡಿದೀವಿ.

ಕರಿಕೋಟು:
ನಿಜ ತಂಗಿ, ಅದಕ್ಕೇ ಹೇಳಿಕೆ ಕೊಟ್ಟಿದ್ದು ಯಾರು ಅಂತನೂ ಕೋರ್ಟ್ ನೋಡುತ್ತೆ. ಗಾಯಾಳು ತಾನೇ ಹೇಳಿದ್ದಾ, ಬೇರೆಯವ್ರಾ, ಅಲ್ಲಿದೆ ವ್ಯತ್ಯಾಸ.

ತುಮಕೂರು_ಹೈದ:
133 ನೋಟಿಸಿಗೆ ತಮ್ಮ ಏನೂ ಓದ್ದೆ ಸೈನ್ ಹಾಕಿ ಕೊಟ್ಟಿದಾನಂತೆ, ಈಗ ಹೇಳ್ತಿದಾನೆ 😑 ಸೋಮವಾರ ಜಾಬ್ ಕಾರ್ಡ್ ಹಿಡ್ಕೊಂಡು ಲಾಯರ್ ಹತ್ರ ಹೋಗ್ತೀನಿ.