ಮೆಟ್ಸ್ ಶೀಟ್‌ನಲ್ಲಿ ಬಾಕಿ ಪಂದ್ಯಗಳ ಲೆಕ್ಕ ತಾಳೆ ಆಗ್ತಿಲ್ಲ, 162ರಿಂದ ಕಳೆದರೂ!

ಬನಶಂಕರಿ_ಬುಲ್‌ಪೆನ್

ಎಲ್ಲರಿಗೂ ನಮಸ್ಕಾರ. ಬೆಂಗಳೂರಲ್ಲಿ ಕೂತು ನ್ಯೂಯಾರ್ಕ್ ಮೆಟ್ಸ್ ಬೇಸ್‌ಬಾಲ್ ತಂಡದ ಹಿಂದೆ ಬಿದ್ದಿರೋನು ನಾನು. ಅಲ್ಲಿ ಸಂಜೆ 7:10ರ ಪಂದ್ಯ ಅಂದ್ರೆ ನಮಗೆ ಬೆಳಗಿನ ಜಾವ 4:40. ದಿನಾ ಏಳೋದು ಆಗದ ಮಾತು. ಅದಕ್ಕೇ ಒಂದು ಗೂಗಲ್ ಶೀಟ್ ಮಾಡಿಕೊಂಡೆ. ಎಂಎಲ್‌ಬಿ (ಮೇಜರ್ ಲೀಗ್ ಬೇಸ್‌ಬಾಲ್) ಸ್ಟ್ಯಾಟ್ಸ್ ಎಪಿಐನಿಂದ, ಅಂದ್ರೆ ಸ್ಕ್ರಿಪ್ಟ್‌ಗಳಿಗೆ ಮಾಹಿತಿ ಕೊಡೋ ಕೊಂಡಿಯಿಂದ, ವೇಳಾಪಟ್ಟಿ ಎಳೆದುಕೊಂಡು ಎಷ್ಟು ಆಡಿದ್ರು, ಎಷ್ಟು ಬಾಕಿ ಅಂತ ತೋರಿಸುತ್ತೆ. ಲೆಕ್ಕ ಸರಳ: ಸ್ಥಿತಿ 'ಫೈನಲ್' ಇರೋ ಸಾಲುಗಳನ್ನ ಎಣಿಸಿ, ಒಂದು ತಂಡ ಸೀಸನ್‌ಗೆ ಆಡೋ 162ರಿಂದ ಕಳೆಯೋದು.

ಏಪ್ರಿಲ್ ಎರಡನೇ ವಾರದಿಂದ ಅಧಿಕೃತ ಪಟ್ಟಿಗೂ ಇದಕ್ಕೂ ತಾಳೆ ಇಲ್ಲ. ಒಂದು ದಿನ ಬಾಕಿ ಪಂದ್ಯ ಒಂದು ಕಡಿಮೆ, ಆಮೇಲೆ ಎರಡು ಹೆಚ್ಚು. ನಡುವೆ ಮೂರ್ನಾಲ್ಕು ದಿನ ಕರೆಕ್ಟಾಗೇ ಇರುತ್ತೆ, ಅದೇ ತಲೆ ಕೆಡಿಸ್ತಿರೋದು. ಪೂರ್ತಿ ತಪ್ಪಿದ್ರೆ ಹುಡುಕಬಹುದಿತ್ತು.

ಫ್ರೀಮಾಂಟ್_ಫಾಸ್ಟ್‌ಬಾಲ್

ಎಂಎಲ್‌ಬಿ ಆ್ಯಪ್ ತೆರೆದ್ರೆ ಗೆಲುವು-ಸೋಲು ಕಣ್ಣೆದುರೇ ಇರುತ್ತೆ. ಕೂಡಿಸಿ ಕಳೆದ್ರಾಯ್ತು. ಇದಕ್ಕೆ ಶೀಟ್ ಯಾಕೆ ಗುರು?

ಸ್ಕೋರ್‌ಬುಕ್_ಶಾಸ್ತ್ರಿ

@ಫ್ರೀಮಾಂಟ್, ಶೀಟ್ ಯಾಕೆ ಅಂತ ಕೇಳಿದ್ರೆ ಈ ವಿಭಾಗವನ್ನೇ ಮುಚ್ಚಬೇಕಾಗುತ್ತೆ.

@ಬನಶಂಕರಿ, ನಾಲ್ಕು ವಿಷಯ ಹೇಳಿ. ಸ್ಥಿತಿಗೆ ಯಾವ ಕಾಲಂ ಓದ್ತಿದ್ದೀರಿ, 'ಅಬ್‌ಸ್ಟ್ರಾಕ್ಟ್ ಗೇಮ್ ಸ್ಟೇಟ್' ಅಥವಾ 'ಡಿಟೇಲ್ಡ್ ಸ್ಟೇಟ್'? ದಿನಾಂಕ ಎಲ್ಲಿಂದ ಬರ್ತಿದೆ? ಸ್ಕ್ರಿಪ್ಟ್‌ನ ಟೈಮ್‌ಝೋನ್ ಯಾವುದು? ಒಂದೇ ಪಂದ್ಯ ಎರಡು ಸಲ ಬಂದಾಗ ಏನು ಮಾಡ್ತೀರಿ?

ಬನಶಂಕರಿ_ಬುಲ್‌ಪೆನ್

ಸ್ಥಿತಿಗೆ ಅಬ್‌ಸ್ಟ್ರಾಕ್ಟ್. ದಿನಾಂಕಕ್ಕೆ 'ಗೇಮ್ ಡೇಟ್' (ಪಂದ್ಯ ಶುರುವಾಗೋ ಸಮಯ) ತಗೊಂಡು ಕೋಲ್ಕತಾ ಟೈಮ್‌ಝೋನ್‌ಗೆ ತಿರುಗಿಸ್ತೀನಿ. ಮಳೆಗೆ ಮುಂದೂಡಿದ ಪಂದ್ಯ ಎರಡು ಕಡೆ ಬರುತ್ತಲ್ಲ, ಅದಕ್ಕೆ 'ದಿನಾಂಕ + ಎದುರಾಳಿ' ಒಂದೇ ಆಗಿದ್ರೆ ಒಂದು ಸಾಲು ತೆಗೆದುಬಿಡೋ ಹಾಗೆ ಬರೆದಿದ್ದೀನಿ.

ಸ್ಕೋರ್‌ಬುಕ್_ಶಾಸ್ತ್ರಿ

ಸಿಕ್ತು. ನಿಮ್ಮಲ್ಲಿ ಎರಡು ದೋಷ ಇವೆ. ಒಂದು ಲೆಕ್ಕವನ್ನ ಮೇಲಕ್ಕೆ ಎಳೆಯುತ್ತೆ, ಇನ್ನೊಂದು ಕೆಳಕ್ಕೆ. ಎರಡೂ ಸಮ ಆದ ದಿನ ಶೀಟ್ ಸರಿ ಇದ್ದ ಹಾಗೆ ಕಾಣುತ್ತೆ.

ಮೊದಲನೇದು: ಆ ಎಪಿಐಯಲ್ಲಿ ಮುಂದೂಡಿದ ಪಂದ್ಯದ ಹಳೇ ಸಾಲು ಅಲ್ಲೇ ಉಳಿಯುತ್ತೆ. ಅದರ ಡಿಟೇಲ್ಡ್ ಸ್ಟೇಟ್ 'ಪೋಸ್ಟ್‌ಪೋನ್ಡ್', ಆದರೆ ಅಬ್‌ಸ್ಟ್ರಾಕ್ಟ್ ಸ್ಟೇಟ್ 'ಫೈನಲ್'. ಅಂದರೆ "ಆವತ್ತಿನ ಮಟ್ಟಿಗೆ ಮುಗೀತು" ಅಂತ ಅಷ್ಟೇ. ನಿಮ್ಮ ಶೀಟ್ ಅದನ್ನ ಆಡಿದ ಪಂದ್ಯ ಅಂತ ಎಣಿಸುತ್ತೆ. ಏಪ್ರಿಲ್‌ನಲ್ಲಿ ಪೂರ್ವ ಕರಾವಳಿ, ಗ್ರೇಟ್ ಲೇಕ್ಸ್ ಕಡೆ ಮಳೆ-ಚಳಿಗೆ ಪಂದ್ಯ ಹೋಗೋದು ಮಾಮೂಲು, ಅದಕ್ಕೇ ಆಗಲೇ ಶುರುವಾಯ್ತು.

ಎರಡನೇದು ನಮ್ಮ ಊರಿನ ಗಡಿಯಾರದ ಕಿತಾಪತಿ. ಶನಿವಾರ ನ್ಯೂಯಾರ್ಕ್‌ನಲ್ಲಿ ಸಂಜೆ 4:10ಕ್ಕೆ ಶುರುವಾದ ಪಂದ್ಯ ನಮಗೆ ಭಾನುವಾರ ಬೆಳಗಿನ ಜಾವ 1:40. ಭಾನುವಾರ ಅಲ್ಲಿ ಮಧ್ಯಾಹ್ನ 1:40ರದ್ದು ನಮಗೆ ಅದೇ ಭಾನುವಾರ ರಾತ್ರಿ 11:10. ಎದುರಾಳಿ ಒಬ್ಬರೇ, ದಿನಾಂಕವೂ ಒಂದೇ. ನಿಮ್ಮ ಸ್ಕ್ರಿಪ್ಟ್ ಒಂದನ್ನ ನಕಲು ಅಂತ ಕಿತ್ತು ಹಾಕುತ್ತೆ. ತಮಾಷೆ ನೋಡಿ, ನಿಜವಾದ ಡಬಲ್‌ಹೆಡರ್ (ಒಂದೇ ದಿನ ಎರಡು ಪಂದ್ಯ) ಬಂದಾಗ ಉಲ್ಟಾ. ಮಧ್ಯಾಹ್ನ 1:10ರದ್ದು ನಮಗೆ ರಾತ್ರಿ 10:40, ಸಂಜೆ 7:10ರದ್ದು ಮರುದಿನ ಬೆಳಗಿನ ಜಾವ. ಅಲ್ಲಿ ಒಂದೇ ದಿನ ಆಡಿದ ಎರಡು ಪಂದ್ಯ ಇಲ್ಲಿ ಎರಡು ದಿನ ಆಗುತ್ತೆ, ಎರಡು ದಿನದ್ದು ಒಂದು ದಿನ ಆಗುತ್ತೆ.

ಹೀಗೆ ಮಾಡಿ. ದಿನಾಂಕಕ್ಕೆ ಗೇಮ್ ಡೇಟ್ ಬೇಡ, 'ಅಫಿಷಿಯಲ್ ಡೇಟ್' ತಗೊಳ್ಳಿ. ಪಂದ್ಯ ನಡೆಯೋ ಊರಿನ ತಾರೀಖು ಅದರಲ್ಲಿರುತ್ತೆ. ಗೇಮ್ ಡೇಟನ್ನ ಅಲಾರಾಂಗೆ ಮಾತ್ರ ಇಟ್ಟುಕೊಳ್ಳಿ. ನಕಲು ತೆಗೆಯೋದಕ್ಕೆ ತಾರೀಖನ್ನೇ ನಂಬಬೇಡಿ. ಪ್ರತಿ ಪಂದ್ಯಕ್ಕೂ 'ಗೇಮ್‌ಪಿಕೆ' ಅಂತ ಒಂದು ಸಂಖ್ಯೆ ಇರುತ್ತೆ. ಮುಂದೂಡಿದರೂ ಅದು ಬದಲಾಗಲ್ಲ.

ಬನಶಂಕರಿ_ಬುಲ್‌ಪೆನ್

ಅಬ್ಬಾ, ಈ ಶನಿವಾರ-ಭಾನುವಾರದ್ದು ಕನಸಲ್ಲೂ ಹೊಳೀತಿರಲಿಲ್ಲ. ಹಾಗಾದ್ರೆ ಪೋಸ್ಟ್‌ಪೋನ್ಡ್ ಸಾಲುಗಳನ್ನೆಲ್ಲ ಮೊದಲೇ ಫಿಲ್ಟರ್ ಮಾಡಿ ಎಸೆದುಬಿಡ್ಲಾ?

ಸ್ಕೋರ್‌ಬುಕ್_ಶಾಸ್ತ್ರಿ

ಬೇಡ. ಹೊಸ ದಿನಾಂಕ ಇನ್ನೂ ಗೊತ್ತಾಗದ ಪಂದ್ಯಕ್ಕೆ ಇರೋದು ಆ ಒಂದೇ ಸಾಲು. ಎಸೆದ್ರೆ ಆ ಪಂದ್ಯವೇ ಲೆಕ್ಕದಿಂದ ಮಾಯ. ಮೊದಲು ಗೇಮ್‌ಪಿಕೆ ಪ್ರಕಾರ ಗುಂಪು ಮಾಡಿ. ಗುಂಪಿನಲ್ಲಿ ಪೋಸ್ಟ್‌ಪೋನ್ಡ್ ಅಲ್ಲದ ಸಾಲು ಇದ್ದರೆ ಅದನ್ನ ಇಟ್ಟುಕೊಳ್ಳಿ. ಇಲ್ಲದಿದ್ದರೆ 'ದಿನಾಂಕ ಬಾಕಿ' ಅಂತ ಗುರುತು ಹಾಕಿ ಬಾಕಿ ಪಟ್ಟಿಗೆ ಸೇರಿಸಿ. 'ಗೇಮ್ ಟೈಪ್' ಆರ್ (ರೆಗ್ಯುಲರ್ ಸೀಸನ್) ಇರೋದನ್ನ ಮಾತ್ರ ಕೇಳಿ, ಇಲ್ಲದಿದ್ದರೆ ಫೆಬ್ರವರಿ-ಮಾರ್ಚ್‌ನ ಸ್ಪ್ರಿಂಗ್ ಟ್ರೇನಿಂಗ್ ಅಭ್ಯಾಸ ಪಂದ್ಯಗಳೂ ಒಳಗೆ ನುಗ್ಗುತ್ತವೆ. ಕೊನೆಗೆ ಬೇರೆ ಬೇರೆ ಗೇಮ್‌ಪಿಕೆ ಎಷ್ಟಿವೆ ಎಣಿಸಿ. ತಂಡಕ್ಕೆ 162, ಅದರಲ್ಲಿ ತವರಲ್ಲಿ 81, ಹೊರಗೆ 81. ಇಡೀ ಎಂಎಲ್‌ಬಿಗೆ 2430. 30 ತಂಡಗಳ ಬಾಕಿ ಕೂಡಿಸಿದ್ರೆ ಅರ್ಧ ಮಾಡೋದು ಮರೀಬೇಡಿ, ಪ್ರತಿ ಪಂದ್ಯವೂ ಎರಡು ತಂಡದ ಖಾತೆಯಲ್ಲಿರುತ್ತೆ.

ಹುಬ್ಬಳ್ಳಿ_ಹೋಮ್‌ರನ್

ಅಲ್ರೀ, ನಡುವ ಬಾಯಿ ಹಾಕ್ತೀನಿ, ಸಿಟ್ಟಾಗಬ್ಯಾಡ್ರಿ. ಒಂದು ಟೀಮ್ ಜೋಡಿ ಮೂರು ದಿನ ಬಿಡದ ಆಡ್ತಾರ, ತಿಂಗಳು ಬಿಟ್ಟು ಮತ್ತ ಅವರ ಜೋಡೀನೇ ಆಡ್ತಾರ. ಈ 162 ಅನ್ನೋದು ಎಲ್ಲಿಂದ ಬಂತು? ಮತ್ತ ಮಳಿ ಬಂದ್ರ ನಮ್ಮ ಐಪಿಎಲ್ ಹಂಗ ತಲಾ ಒಂದು ಪಾಯಿಂಟ್ ಹಂಚಿ ಮನಿಗೆ ಹೋಗಂಗಿಲ್ಲೇನು?

ಕ್ವೀನ್ಸ್_ಕಾವೇರಿ

ಇದಕ್ಕೆ ನಾನು ಹೇಳ್ತೀನಿ. ಎಂಎಲ್‌ಬಿ ಒಳಗೆ ಅಮೆರಿಕನ್, ನ್ಯಾಷನಲ್ ಅಂತ ಎರಡು ಲೀಗ್. ಹಿಂದೆ ಒಂದು ಲೀಗ್‌ಗೆ 8 ತಂಡ, ಉಳಿದ 7 ತಂಡಗಳ ಜೊತೆ 22 ಸಲ ಆಟ, ಒಟ್ಟು 154. 1961ರಲ್ಲಿ ಅಮೆರಿಕನ್ ಲೀಗ್, 1962ರಲ್ಲಿ ನ್ಯಾಷನಲ್ ಲೀಗ್ 10 ತಂಡಗಳಾದವು. 9 ಎದುರಾಳಿ, ತಲಾ 18 ಪಂದ್ಯ, 162. ಆಮೇಲೆ ತಂಡಗಳು 30 ಆದರೂ ಸಂಖ್ಯೆ ಮಾತ್ರ ಹಾಗೇ ಉಳೀತು. ಮೆಟ್ಸ್ ಹುಟ್ಟಿದ್ದೇ ಆ 1962ರಲ್ಲಿ!

ಈಗಿನ ಹಂಚಿಕೆ ಬೇರೆ. 2025ರದ್ದು ತಗೊಳ್ಳಿ. ತನ್ನ ಡಿವಿಷನ್‌ನ (ಲೀಗ್ ಒಳಗಿನ ಗುಂಪು) ಉಳಿದ ನಾಲ್ಕು ತಂಡಗಳ ಜೊತೆ ತಲಾ 13 ಅಂದ್ರೆ 52. ಅದೇ ಲೀಗ್‌ನ ಉಳಿದ 10 ತಂಡಗಳ ಜೊತೆ ತಲಾ 6 ಅಥವಾ 7, ಒಟ್ಟು 62. ಇನ್ನೊಂದು ಲೀಗ್‌ನ 15 ತಂಡಗಳ ಜೊತೆ 48. ಅದರಲ್ಲಿ ಒಬ್ಬ 'ಪಕ್ಕದ ಮನೆ' ಎದುರಾಳಿಗೆ 6, ಉಳಿದವರಿಗೆ ತಲಾ 3. ಮೆಟ್ಸ್‌ಗೆ ಆ ಪಕ್ಕದ ಮನೆ ಯಾಂಕೀಸ್. ದೇಶದ ಆ ತುದಿಯಿಂದ ಈ ತುದಿಗೆ ಹಾರಬೇಕು, ಅದಕ್ಕೇ ಒಂದು ಊರಿಗೆ ಹೋದ ಮೇಲೆ ಮೂರ್ನಾಲ್ಕು ಪಂದ್ಯ ಮುಗಿಸಿಯೇ ಹೊರಡೋದು. ಆರು ತಿಂಗಳಲ್ಲಿ ಬಿಡುವಿನ ದಿನ ಅಂತ ಸಿಗೋದು ಕಡಿಮೆ. ಜುಲೈ ಮಧ್ಯದ ಆಲ್‌ಸ್ಟಾರ್ ವಿರಾಮವೇ ದೊಡ್ಡ ರಜೆ.

ಮಳೆ ವಿಷಯಕ್ಕೆ ಬಂದ್ರೆ, ಇಲ್ಲಿ ಪಾಯಿಂಟ್ ಅನ್ನೋದೇ ಇಲ್ಲ, ಬರೀ ಗೆಲುವು ಸೋಲು. 2025ರ ಮೇ 17ಕ್ಕೆ ಚಿನ್ನಸ್ವಾಮಿಯಲ್ಲಿ ಆರ್‌ಸಿಬಿ-ಕೆಕೆಆರ್ ಪಂದ್ಯ ಕೊಚ್ಚಿಹೋದಾಗ ಮಾಡಿದ ಹಾಗೆ ಹಂಚಿಕೊಳ್ಳೋಕೆ ಏನೂ ಇಲ್ಲ. ಆಡದ ಪಂದ್ಯವನ್ನ ಇನ್ನೊಂದು ದಿನ ಆಡಲೇಬೇಕು. ಬಿಡುವಿನ ದಿನ ಸಿಕ್ಕರೆ ಅವತ್ತು, ಇಲ್ಲದಿದ್ದರೆ ಡಬಲ್‌ಹೆಡರ್. ಒಂಬತ್ತರಲ್ಲಿ ಐದು ಇನ್ನಿಂಗ್ಸ್ ದಾಟಿದ್ದರೆ ಮಾತ್ರ ಅಲ್ಲಿಗೇ ಫಲಿತಾಂಶ ಕೊಡಬಹುದು. ತವರು ತಂಡ ಮುಂದಿದ್ದರೆ ನಾಲ್ಕೂವರೆ ಸಾಕು.

ಹುಬ್ಬಳ್ಳಿ_ಹೋಮ್‌ರನ್

ಆಡಾಕ ದಿನಾನೇ ಉಳೀಲಿಲ್ಲಂದ್ರ?

ಸ್ಕೋರ್‌ಬುಕ್_ಶಾಸ್ತ್ರಿ

ಒಳ್ಳೇ ಪ್ರಶ್ನೆ, ಮತ್ತೆ ಇದು ನೇರವಾಗಿ ಶೀಟ್‌ಗೂ ಸಂಬಂಧಪಟ್ಟದ್ದು. ಪರೀಕ್ಷೆ ಮಾಡೋದಾದ್ರೆ ಮುಗಿದ ಸೀಸನ್ ಮೇಲೆ ಮಾಡಿ, ಉತ್ತರ ಮೊದಲೇ ಗೊತ್ತಿರುತ್ತೆ. ನನ್ನ ಮೆಚ್ಚಿನ ಪರೀಕ್ಷೆ 2024ರ ಮೆಟ್ಸ್.

ಸೆಪ್ಟೆಂಬರ್ 25, 26ರ ಅಟ್ಲಾಂಟಾ ಪಂದ್ಯಗಳನ್ನ ಹೆಲೀನ್ ಚಂಡಮಾರುತದ ಕಾರಣ ಮುಂದೂಡಿದರು. ಸೀಸನ್ ಮುಗಿಯಬೇಕಿದ್ದದ್ದು 29ಕ್ಕೆ. ಆವತ್ತು ರಾತ್ರಿ ಮೆಟ್ಸ್ 88-72 (ಗೆಲುವು-ಸೋಲು), ಅಟ್ಲಾಂಟಾ ಬ್ರೇವ್ಸ್ ಕೂಡ 88-72, ಇಬ್ಬರಿಗೂ 160 ಪಂದ್ಯ. ಪ್ಲೇಆಫ್ ಪೈಪೋಟಿಯಲ್ಲಿದ್ದ ಅರಿಜೋನಾ ಡೈಮಂಡ್‌ಬ್ಯಾಕ್ಸ್ 89-73, ಅವರದ್ದು ಆಟ ಮುಗಿದಿತ್ತು, ಇನ್ನು ಬೇರೆಯವರ ಕಡೆ ನೋಡುತ್ತಾ ಕೂರೋದೇ. ಸೆಪ್ಟೆಂಬರ್ 30, ಸೋಮವಾರ, ಅಟ್ಲಾಂಟಾದಲ್ಲಿ ಡಬಲ್‌ಹೆಡರ್. ಮೊದಲನೇದು ಮೆಟ್ಸ್ 8-7, ಎರಡನೇದು ಬ್ರೇವ್ಸ್ 3-0. ಮೂರೂ ತಂಡ 89-73ಕ್ಕೆ ಬಂದು ನಿಂತವು, ಪರಸ್ಪರ ಪಂದ್ಯಗಳ ಲೆಕ್ಕದಲ್ಲಿ ಅರಿಜೋನಾ ಔಟ್. ಮರುದಿನವೇ ಮೆಟ್ಸ್ ಮಿಲ್ವಾಕಿಯಲ್ಲಿ ಪ್ಲೇಆಫ್ ಆಡಬೇಕಿತ್ತು.

ನಿಮ್ಮ ಸ್ಕ್ರಿಪ್ಟ್ ಕೊನೇ ದಿನಾಂಕ ಸೆಪ್ಟೆಂಬರ್ 29 ಅಂತ ಹಿಡಿದಿದ್ದರೆ ಇಡೀ ಸೀಸನ್‌ನ ಅತಿ ಮುಖ್ಯ ಎರಡು ಪಂದ್ಯ ಅದರ ಕಣ್ಣಿಗೇ ಬೀಳಲ್ಲ. ಶುರುವಿನ ಕಡೆಯೂ ಇದೇ ಕಥೆ. 2025ರಲ್ಲಿ ಎಲ್ಲರಿಗೂ ಮಾರ್ಚ್ 27ಕ್ಕೆ ಆರಂಭ ಅಂದರೂ ಡಾಡ್ಜರ್ಸ್-ಕಬ್ಸ್ ಮಾರ್ಚ್ 18, 19ಕ್ಕೇ ಟೋಕಿಯೋದಲ್ಲಿ ಎರಡು ಲೆಕ್ಕದ ಪಂದ್ಯ ಆಡಿ ಮುಗಿಸಿದ್ದರು. ಮಾರ್ಚ್ 1ರಿಂದ ಅಕ್ಟೋಬರ್ ಮೊದಲ ವಾರದವರೆಗೆ ಕೇಳಿ, ಗೇಮ್ ಟೈಪ್ ಜರಡಿ ಹಿಡಿಯುತ್ತೆ.

ಇನ್ನು ಹುಬ್ಬಳ್ಳಿಯವರ ಪ್ರಶ್ನೆ. ಆಡೋದರಿಂದ ಪ್ಲೇಆಫ್ ಮೇಲೆ ಏನೂ ಪರಿಣಾಮ ಇಲ್ಲದಿದ್ದರೆ ಬಿಟ್ಟುಬಿಡ್ತಾರೆ. ಅದೇ 2024ರ ಸೆಪ್ಟೆಂಬರ್ 29ಕ್ಕೆ ಕ್ಲೀವ್‌ಲ್ಯಾಂಡ್‌ನಲ್ಲಿ ಗಾರ್ಡಿಯನ್ಸ್-ಆಸ್ಟ್ರೋಸ್ ಪಂದ್ಯ ಮಳೆಗೆ ರದ್ದಾಯ್ತು, ಮತ್ತೆ ಆಡಲೇ ಇಲ್ಲ. ಗಾರ್ಡಿಯನ್ಸ್ 92-69, ಆಸ್ಟ್ರೋಸ್ 88-73, ಇಬ್ಬರಿಗೂ 161. ಈ ತಂಡಗಳಿಗೆ "162 ಕಳೆ ಆಡಿದ್ದು" ಸೂತ್ರ ಹಾಕಿ, ಇವತ್ತಿಗೂ ಒಂದು ಪಂದ್ಯ ಬಾಕಿ ಅಂತಲೇ ತೋರಿಸುತ್ತೆ.

ಕ್ವೀನ್ಸ್_ಕಾವೇರಿ

ಗೆಲುವು + ಸೋಲು ಕೂಡಿಸೋದೂ ಪೂರ್ತಿ ಭದ್ರ ಅಲ್ಲ, @ಫ್ರೀಮಾಂಟ್ ಅವರೇ. 2016ರ ಸೆಪ್ಟೆಂಬರ್ 29ಕ್ಕೆ ಪಿಟ್ಸ್‌ಬರ್ಗ್‌ನಲ್ಲಿ ಕಬ್ಸ್-ಪೈರೇಟ್ಸ್ ಮಳೆಗೆ ಸಿಕ್ಕು 1-1 ಸಮ ಆಗಿ ಉಳೀತು. ಕಬ್ಸ್ ಕೊನೆಗೆ 103-58, ಜೊತೆಗೆ ಒಂದು ಟೈ. ನಿಮ್ಮ ಕೂಡೋ ಲೆಕ್ಕದಲ್ಲಿ 161, ಆದರೆ ಅವರು ಆಡಿದ್ದು 162.

ಫ್ರೀಮಾಂಟ್_ಫಾಸ್ಟ್‌ಬಾಲ್

ಸರಿ ಸರಿ, ಆ್ಯಪ್ ಮಾತು ವಾಪಸ್ 😄 ಆದ್ರೆ ಒಂದು ಅನುಮಾನ. ನಡುವೆ ನಿಂತು ಬೇರೆ ದಿನ ಮುಂದುವರಿದ ಪಂದ್ಯ ಯಾವ ತಾರೀಖಿಗೆ ಸೇರುತ್ತೆ?

ಸ್ಕೋರ್‌ಬುಕ್_ಶಾಸ್ತ್ರಿ

ಶುರುವಾದ ತಾರೀಖಿಗೆ. ಇದಕ್ಕೆ ಡ್ಯಾನಿ ಜ್ಯಾನ್ಸೆನ್ ಕಥೆ ಕೇಳಿರಬೇಕಲ್ಲ. 2024ರ ಜೂನ್ 26, ಬಾಸ್ಟನ್‌ನ ಫೆನ್‌ವೇ ಪಾರ್ಕ್. ಎರಡನೇ ಇನ್ನಿಂಗ್ಸ್‌ನಲ್ಲಿ ಟೊರಾಂಟೊ ಪರ ಜ್ಯಾನ್ಸೆನ್ ಬ್ಯಾಟ್ ಹಿಡಿದು ನಿಂತಿದ್ದಾಗ ಮಳೆ ಬಂದು ಪಂದ್ಯ ನಿಂತಿತು. ಜುಲೈ ಕೊನೆಗೆ ಆತ ಬಾಸ್ಟನ್ ರೆಡ್ ಸಾಕ್ಸ್‌ಗೇ ಹೋದ. ಆಗಸ್ಟ್ 26ಕ್ಕೆ ಅದೇ ಪಂದ್ಯ ಅದೇ ಎಸೆತದಿಂದ ಮುಂದುವರಿದಾಗ ಆತ ಬಾಸ್ಟನ್ ಕ್ಯಾಚರ್ ಆಗಿ ಬ್ಯಾಟರ್ ಹಿಂದೆ ಕೂತಿದ್ದ, ಆತನದ್ದೇ ಅರ್ಧ ಉಳಿದ ಬ್ಯಾಟಿಂಗನ್ನ ಬೇರೊಬ್ಬ ಮುಗಿಸಿದ. ಒಂದೇ ಪಂದ್ಯದಲ್ಲಿ ಎರಡೂ ತಂಡಕ್ಕೆ ಆಡಿದ ಮೊದಲ ಮೇಜರ್ ಲೀಗ್ ಆಟಗಾರ. ತಾರೀಖು ನೋಡಿ ಎಣಿಸೋ ಶೀಟ್‌ಗೆ ಇದು ಎರಡು ಪಂದ್ಯ, ಗೇಮ್‌ಪಿಕೆ ನೋಡೋ ಶೀಟ್‌ಗೆ ಒಂದೇ.

ಬನಶಂಕರಿ_ಬುಲ್‌ಪೆನ್

ಅಪ್‌ಡೇಟ್: ಗೇಮ್‌ಪಿಕೆ ಪ್ರಕಾರ ಗುಂಪು ಮಾಡಿ, ಅಫಿಷಿಯಲ್ ಡೇಟ್ ಹಾಕಿ, ಕಳೆಯೋ ಸೂತ್ರ ತೆಗೆದು ಬಾಕಿ ಸಾಲುಗಳನ್ನೇ ನೇರ ಎಣಿಸಿದೆ. 2024 ಹಾಕಿ ನೋಡಿದ್ರೆ ಮೆಟ್ಸ್‌ಗೆ ಸೆಪ್ಟೆಂಬರ್ 29ರ ರಾತ್ರಿ ಬಾಕಿ 2, 30ಕ್ಕೆ 0. ಗಾರ್ಡಿಯನ್ಸ್‌ಗೆ 'ರದ್ದು' ಅಂತ ಒಂದು ಬೇರೆ ಕಾಲಂ ಮಾಡಿದೆ. ಈಗಿನ ಸೀಸನ್ ಕೂಡ ಅಧಿಕೃತ ಪಟ್ಟಿಗೆ ಸರಿಹೊಂದಿದೆ. ಶಾಸ್ತ್ರಿಗಳೇ, ಕಾಫಿ ಬಾಕಿ.

ಒಂದೇ ಒಂದು ಉಳೀತು. ಮ್ಯಾಜಿಕ್ ನಂಬರ್ (ಮೊದಲ ಸ್ಥಾನ ಖಚಿತ ಆಗೋಕೆ ಇನ್ನೂ ಬೇಕಾದ ತನ್ನ ಗೆಲುವು + ಎರಡನೇ ತಂಡದ ಸೋಲು) ಕಾಲಂ ಸೇರಿಸಬೇಕು. 163ರಿಂದ ಮೊದಲನೇ ತಂಡದ ಗೆಲುವು, ಎರಡನೇ ತಂಡದ ಸೋಲು ಕಳೆದ್ರೆ ಸಾಕಲ್ವಾ?

ಕ್ವೀನ್ಸ್_ಕಾವೇರಿ

ಸಾಕು. ಮುಂದಿರೋರಿಗೆ 90 ಗೆಲುವು, ಹಿಂದಿರೋರಿಗೆ 68 ಸೋಲು ಇದ್ದರೆ 5. ಆದರೆ 2022ರಿಂದ 163ನೇ ಪಂದ್ಯ (ಸಮ ಆದಾಗ ಆಡ್ತಿದ್ದ ನಿರ್ಣಾಯಕ ಪಂದ್ಯ) ಅನ್ನೋದೇ ಇಲ್ಲ, ಸಮ ಆದರೆ ಪರಸ್ಪರ ಪಂದ್ಯಗಳ ಲೆಕ್ಕದಲ್ಲೇ ತೀರ್ಮಾನ. ಆ ತಂಡದ ಜೊತೆಗಿನ 13ರಲ್ಲಿ 7 ಆಗಲೇ ಗೆದ್ದಿದ್ದರೆ ಇನ್ನೊಂದು ಕಳೆದು 162 ಅಂತ ಹಿಡೀಬಹುದು. ಆ ಹಳೇ 163ನೇ ಪಂದ್ಯ ರೋಚಕವಾಗಿತ್ತು ಕಣ್ರೀ, ತೆಗೆದಿದ್ದು ನನಗಂತೂ ಇಷ್ಟ ಆಗಿಲ್ಲ.

ಹುಬ್ಬಳ್ಳಿ_ಹೋಮ್‌ರನ್

ಇದ ಶೀಟ್ ಮೈನರ್ ಲೀಗ್‌ಗೂ ನಡೀತದೇನ್ರಿ?

ಸ್ಕೋರ್‌ಬುಕ್_ಶಾಸ್ತ್ರಿ

ನಡೆಯುತ್ತೆ. 'ಸ್ಪೋರ್ಟ್ ಐಡಿ' 1 ಇರೋ ಕಡೆ, ಎಂಎಲ್‌ಬಿ ಕೆಳಗಿನ ಹಂತಗಳಾದ ಟ್ರಿಪಲ್-ಎಗೆ 11, ಡಬಲ್-ಎಗೆ 12 ಹಾಕಿ. ಅಲ್ಲಿ ಸೀಸನ್ 150 ಮತ್ತು 138 ಪಂದ್ಯ, ಹಾಗಾಗಿ ಸ್ಕ್ರಿಪ್ಟ್‌ನಲ್ಲಿ ಎಲ್ಲಾದರೂ 162 ಅಂತ ನೇರ ಬರೆದಿದ್ದರೆ ಮೊದಲು ಅದನ್ನ ತೆಗೀರಿ. ಸಾಮಾನ್ಯವಾಗಿ ಮಂಗಳವಾರದಿಂದ ಭಾನುವಾರದವರೆಗೆ ಒಂದೇ ಎದುರಾಳಿ ಜೊತೆ ಆರು ಪಂದ್ಯ, ಸೋಮವಾರ ರಜೆ. ಮಳೆಗೆ ರದ್ದಾಗಿ ಹಾಗೇ ಉಳಿಯೋ ಪಂದ್ಯಗಳು ಅಲ್ಲಿ ಜಾಸ್ತಿ, ಬನಶಂಕರಿಯವರ 'ರದ್ದು' ಕಾಲಂ ಅನ್ನ ಕಾಪಿ ಮಾಡಿಕೊಳ್ಳಿ.