ಬಾಲ್ಕನಿಯಲ್ಲಿ ಬಾವುಟ ಇಲ್ಲ ಅಂದರೆ ದೇಶಪ್ರೇಮ ಇಲ್ಲ ಅಂತಾನಾ?

ಮೂರನೇ ಮಹಡಿ (ಪ್ರಶ್ನೆ)

ನಮ್ಮದು ಬೆಂಗಳೂರಿನ ಒಂದು ಸಾಧಾರಣ ಅಪಾರ್ಟ್‌ಮೆಂಟ್. ಆಗಸ್ಟ್ 15ರ ಬೆಳಿಗ್ಗೆ ಸಂಘದವರು ಕೆಳಗೆ ಬಾವುಟ ಹಾರಿಸಿದರು. ನಾನೂ ಹೋಗಿದ್ದೆ. ಜನಗಣಮನ ಹಾಡಿ, ಲಾಡು ತಿಂದು ಮೇಲೆ ಬಂದೆ. ಮಧ್ಯಾಹ್ನದ ಹೊತ್ತಿಗೆ ವಾಟ್ಸಾಪ್ ಗ್ರೂಪಿಗೆ ಒಂದು ಫೋಟೋ ಬಂತು. ನಮ್ಮ ಬ್ಲಾಕಿನ ಎದುರು ನಿಂತು ಯಾರೋ ತೆಗೆದದ್ದು. ಬಾವುಟ ಇಲ್ಲದ ಬಾಲ್ಕನಿಗಳಿಗೆಲ್ಲ ಕೆಂಪು ಸುತ್ತು. ಕೆಳಗೆ ಒಂದೇ ಸಾಲು: 'ಇವರಿಗೆ ಯಾವ ದೇಶ ಬೇಕಂತೆ?'

ಆ ಸುತ್ತುಗಳಲ್ಲಿ ನಮ್ಮ ಮನೆಯೂ ಇದೆ. ಅವತ್ತು ನಮ್ಮ ಬಾಲ್ಕನಿಯಲ್ಲಿ ಒಣಗಲು ಹಾಕಿದ ಬೆಡ್‌ಶೀಟ್ ಇತ್ತು. ಪಕ್ಕದ ಮನೆಯಲ್ಲಿ ಎಂಬತ್ತು ದಾಟಿದ ಅಜ್ಜಿ ಒಬ್ಬರೇ ಇದ್ದಾರೆ. ಅದರಾಚೆಯ ಮನೆ ಖಾಲಿ, ಬಾಡಿಗೆಗೆ ಇದೆ. ಖಾಲಿ ಮನೆಯ ದೇಶಭಕ್ತಿಯನ್ನೂ ಬಿಟ್ಟಿಲ್ಲ ನೋಡಿ!

ನನಗೆ ಬಾವುಟದ ಮೇಲೆ ಏನೂ ಬೇಜಾರಿಲ್ಲ. ಬೇಜಾರು ಆ ಕೆಂಪು ಸುತ್ತಿನ ಮೇಲೆ. ಹೆಂಡತಿ 'ಸುಮ್ನೆ ಒಂದು ತಂದು ಕಟ್ಟಿಬಿಡಿ, ಜಗಳ ಯಾಕೆ' ಅನ್ನುತ್ತಾಳೆ. ಹಾಗೆ ಕಟ್ಟಿದರೆ ಅದು ದೇಶಕ್ಕೆ ಕಟ್ಟಿದ್ದೋ, ಗ್ರೂಪಿನವರಿಗೆ ಹೆದರಿ ಕಟ್ಟಿದ್ದೋ? ನೀವಾಗಿದ್ದರೆ ಏನು ಉತ್ತರ ಕೊಡುತ್ತಿದ್ದಿರಿ?

ನೇರಮಾತು

ಸುತ್ತು ಹಾಕಿದ್ದು ಸರಿಯಲ್ಲ. ಅದನ್ನು ಸಮರ್ಥಿಸುವುದಿಲ್ಲ. ಆದರೆ ಇಂಥ ಒಂದು ಘಟನೆ ಸಿಕ್ಕರೆ ಸಾಕು, ಬಾವುಟ ಕಟ್ಟಿದವರೆಲ್ಲ ತಲೆ ಇಲ್ಲದವರು ಅನ್ನೋ ಹಾಗೆ ಮಾತು ಶುರುವಾಗುತ್ತದೆ. ಅದನ್ನು ನಾನು ಒಪ್ಪುವುದಿಲ್ಲ.

ಯೋಚಿಸಿ ಸರ್. ನೀವು ಕಟ್ಟಿದ ತೆರಿಗೆ ನೀವು ಯಾವತ್ತೂ ನೋಡದ ಯಾವುದೋ ಊರಿನ ಶಾಲೆಗೆ ಹೋಗುತ್ತದೆ. ಅಲ್ಲಿನ ಭಾಷೆ ನಿಮಗೆ ಬರುವುದಿಲ್ಲ, ಅವರ ಜಾತಿ ಗೊತ್ತಿಲ್ಲ. ಆದರೂ ನೀವು ತಕರಾರು ಮಾಡುವುದಿಲ್ಲ. ಯಾಕೆ? ಅವರೂ ನಮ್ಮವರು ಅನ್ನೋ ಒಂದು ಭಾವನೆ ಇದೆ. ಅದು ತಾನಾಗಿ ಹುಟ್ಟಲಿಲ್ಲ. ಬಾವುಟ, ಹಾಡು, ಶಾಲೆಯ ಗೋಡೆ ಮೇಲಿನ ನಕ್ಷೆ, ಇವುಗಳಿಂದಲೇ ಬೆಳೆದದ್ದು. ಐನೂರಕ್ಕೂ ಜಾಸ್ತಿ ಸಂಸ್ಥಾನಗಳಿದ್ದ ನೆಲ ಇದು. ಎಲ್ಲರೂ ಅವರವರ ಮನಸ್ಸಿನೊಳಗೇ ದೇಶವನ್ನು ಪ್ರೀತಿಸಿಕೊಂಡು ಕೂತಿದ್ದರೆ ಒಂದು ದೇಶ ಆಗುತ್ತಿತ್ತಾ?

ಸಂವಿಧಾನದ 51ಎ ವಿಧಿಯೂ ಇದೆ. ರಾಷ್ಟ್ರಧ್ವಜ, ರಾಷ್ಟ್ರಗೀತೆಯನ್ನು ಗೌರವಿಸುವುದು ನಾಗರಿಕರ ಕರ್ತವ್ಯ ಅಂತ ಬರೆದಿದ್ದಾರೆ. ವರ್ಷಕ್ಕೆ ಒಂದು ದಿನ ಬಾವುಟ ಕಟ್ಟಿ ಅಂದರೆ ಅದು ದಬ್ಬಾಳಿಕೆ ಹೇಗಾಗುತ್ತದೆ?

ಬೆಂಗೇರಿ ಕಡೆಯವಳು

ನಾನು ಹುಬ್ಬಳ್ಳಿಯವಳು ರೀ. ಬೆಂಗೇರಿಯ ಕರ್ನಾಟಕ ಖಾದಿ ಗ್ರಾಮೋದ್ಯೋಗ ಸಂಯುಕ್ತ ಸಂಘದ ಹೆಸರು ಕೇಳಿರಬೇಕು. ಬಿಐಎಸ್ (ಗುಣಮಟ್ಟ ಪರೀಕ್ಷಿಸುವ ಭಾರತೀಯ ಮಾನಕ ಬ್ಯೂರೋ) ಪ್ರಮಾಣಪತ್ರದೊಂದಿಗೆ ಖಾದಿಯ ರಾಷ್ಟ್ರಧ್ವಜ ತಯಾರಿಸುವ ಜಾಗ. ನಮ್ಮ ಚಿಕ್ಕಮ್ಮ ಬಾವುಟ ಹೊಲಿಯುತ್ತಿದ್ದವರು. ಅದಕ್ಕೇ ಈ ವಿಷಯ ಬಂದರೆ ನನಗೆ ಸುಮ್ಮನಿರಲು ಆಗುವುದಿಲ್ಲ.

ಒಂದು ಬಾವುಟ ಹೇಗಾಗುತ್ತದೆ ಅಂತ ಆ ಫೋಟೋ ಹಾಕಿದವರಿಗೆ ಗೊತ್ತಿದೆಯಾ? ಕೈಯಲ್ಲಿ ನೂತ ನೂಲು, ಕೈಮಗ್ಗದಲ್ಲಿ ನೇಯ್ದ ಬಟ್ಟೆ. ಬಾಗಲಕೋಟೆ ಕಡೆಯ ತುಳಸಿಗೇರಿಯಿಂದ ಬಟ್ಟೆ ಬರುತ್ತಿತ್ತು. ಆಮೇಲೆ ಬಣ್ಣ. ಕೇಸರಿ, ಹಸಿರು ಒಂದು ಚೂರು ಗಾಢ ಆದರೂ ನಡೆಯುವುದಿಲ್ಲ. ಬಿಳಿ ಪಟ್ಟಿಯ ಎರಡೂ ಕಡೆ ಚಕ್ರ ಅಚ್ಚು ಹಾಕಬೇಕು. ಈ ಕಡೆಯ ಚಕ್ರ, ಆ ಕಡೆಯ ಚಕ್ರ ಒಂದರ ಮೇಲೊಂದು ಸರಿಯಾಗಿ ಕೂರಬೇಕು. ಬೆಳಕಿಗೆ ಹಿಡಿದರೆ 24 ಅರಗಳೇ ಕಾಣಬೇಕು, ನೆರಳು ನೆರಳಾಗಿ 48 ಅಲ್ಲ. ಉದ್ದ ಅಗಲ 3:2 ಇರಲೇಬೇಕು. ದೊಡ್ಡದು 21 ಅಡಿಗೆ 14 ಅಡಿ, ಚಿಕ್ಕದು ಮೇಜಿನ ಮೇಲಿಡುವ 6 ಇಂಚಿಗೆ 4 ಇಂಚು. ಚಿಕ್ಕದೇ ಹೆಚ್ಚು ಕಾಡುತ್ತದೆ ಅನ್ನುತ್ತಿದ್ದರು ಚಿಕ್ಕಮ್ಮ, ಹೊಲಿಗೆ ಒಂದು ಎಳೆ ಜಾರಿದರೂ ಎದ್ದು ಕಾಣುತ್ತದಂತೆ. ಕೊನೆಗೆ ಹಗ್ಗ, ಮರದ ತುಂಡು, ಇಸ್ತ್ರಿ. ಅಳತೆಯಲ್ಲಿ ಕೊಂಚ ತಪ್ಪಿದರೂ ವಾಪಸ್. ಅಲ್ಲಿ ಕೆಲಸ ಮಾಡುವವರಲ್ಲಿ ಹೆಂಗಸರೇ ಜಾಸ್ತಿ.

2021ರ ಡಿಸೆಂಬರ್‌ನಲ್ಲಿ ಧ್ವಜ ಸಂಹಿತೆಗೆ, ಅಂದರೆ ಬಾವುಟ ಹೇಗಿರಬೇಕು, ಹೇಗೆ ಹಾರಿಸಬೇಕು ಅನ್ನೋ ನಿಯಮಗಳಿಗೆ, ತಿದ್ದುಪಡಿ ಆಯಿತು. ಪಾಲಿಯೆಸ್ಟರ್ ಬಾವುಟವೂ ನಡೆಯುತ್ತದೆ, ಯಂತ್ರದಲ್ಲಿ ಮಾಡಿದ್ದೂ ನಡೆಯುತ್ತದೆ ಅಂತಾಯಿತು. ಮುಂದಿನ ಆಗಸ್ಟ್‌ನಲ್ಲೇ ಮನೆ ಮನೆಗೆ ತಿರಂಗಾ ಅಭಿಯಾನ. ಅಷ್ಟು ಕೋಟಿ ಮನೆಗೆ ಖಾದಿ ಒದಗಿಸಲು ಆಗುವುದಿಲ್ಲ ಅನ್ನೋ ವಾದ ನನಗೂ ಅರ್ಥವಾಗುತ್ತದೆ. ಆದರೆ ಜನ ಬಾವುಟದ ಬಗ್ಗೆ ಅತಿ ಹೆಚ್ಚು ಮಾತಾಡಿದ ವರ್ಷವೇ, ಬಾವುಟ ನೇಯುವವರು, ಹೊಲಿಯುವವರು ನಮ್ಮ ಗತಿ ಏನು ಅಂತ ಕೇಳಬೇಕಾಗಿ ಬಂತು.

ನಿಮ್ಮ ಗ್ರೂಪಿನಲ್ಲಿ ಕೇಳಿ ನೋಡಿ ಸರ್. ಬಾವುಟ ಕಟ್ಟಿದ ಬಾಲ್ಕನಿಗಳಲ್ಲಿ ಚಕ್ರ ನಡುವೆಯೇ ಇತ್ತಾ? ಹದಿನಾರನೇ ತಾರೀಖು ಆ ಬಾವುಟಗಳು ಎಲ್ಲಿ ಹೋದವು? ಹರಿದರೆ, ಮಾಸಿದರೆ ಯಾರಿಗೂ ಕಾಣದ ಹಾಗೆ, ಮರ್ಯಾದೆಯಿಂದ ಪೂರ್ತಿ ಸುಡುವುದು ಲೇಸು ಅಂತ ಸಂಹಿತೆ ಹೇಳುತ್ತದೆ. ನಮ್ಮ ಓಣಿಯಲ್ಲಿ ಅಕ್ಟೋಬರ್‌ವರೆಗೂ ಕಂಬಕ್ಕೆ ಜೋತುಬಿದ್ದಿರುತ್ತವೆ, ಕೇಸರಿ ಹೋಗಿ ಗುಲಾಬಿ ಆಗಿರುತ್ತದೆ.

ಹಾಂ, ಚಿಕ್ಕಮ್ಮನ ಮನೆ ಮೇಲೆ ನಾನು ಬಾವುಟ ನೋಡಿದ್ದಿಲ್ಲ. ಆಗಸ್ಟ್ ಹತ್ತಿರ ಬಂದರೆ ಅವರಿಗೆ ಕೆಲಸದಿಂದ ಬಿಡುವೇ ಇರುತ್ತಿರಲಿಲ್ಲ.

ಹಳೇ ಮೈಸೂರು

ನೇರಮಾತು ಅವರಿಗೆ ಒಂದು ಮಾತು. ಕರ್ತವ್ಯ ಅಂದಿರಿ, ಸರಿ. ಆದರೆ 51ಎ ಗೌರವಿಸಿ ಅನ್ನುತ್ತದೆ, ಹಾರಿಸಲೇಬೇಕು ಅನ್ನುವುದಿಲ್ಲ. 1986ರಲ್ಲಿ ಬಿಜೋ ಇಮ್ಯಾನುಯೆಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿದೆ. ಕೇರಳದ ಮೂವರು ಮಕ್ಕಳು ತಮ್ಮ ಧರ್ಮದ ನಂಬಿಕೆಯಿಂದ ರಾಷ್ಟ್ರಗೀತೆ ಹಾಡಲಿಲ್ಲ, ಆದರೆ ಎದ್ದು ನಿಂತಿದ್ದರು. ಶಾಲೆಯಿಂದ ಹೊರಗೆ ಹಾಕಿದರು. ಎದ್ದು ನಿಂತಿದ್ದೇ ಗೌರವ, ಹಾಡದಿದ್ದರೆ ಅವಮಾನ ಆಗುವುದಿಲ್ಲ ಅಂತ ಹೇಳಿ ಕೋರ್ಟು ಮಕ್ಕಳನ್ನು ಮತ್ತೆ ಸೇರಿಸಿಕೊಳ್ಳಲು ಆದೇಶಿಸಿತು. 2004ರ ನವೀನ್ ಜಿಂದಾಲ್ ಪ್ರಕರಣದಲ್ಲಿ ಬಾವುಟ ಹಾರಿಸುವುದನ್ನು 19ನೇ ವಿಧಿಯ ಅಭಿವ್ಯಕ್ತಿ ಸ್ವಾತಂತ್ರ್ಯದ ಭಾಗ ಅಂದಿತು. ಅಂದರೆ ಅದು ಹಕ್ಕು. 2002ಕ್ಕೆ ಮುಂಚೆ ಸಾಮಾನ್ಯ ಜನ ಕೆಲವೇ ದಿನ ಬಿಟ್ಟು ಮನೆ ಮೇಲೆ ಬಾವುಟ ಹಾರಿಸುವ ಹಾಗೇ ಇರಲಿಲ್ಲ. ನಮ್ಮ ಅಪ್ಪ, ತಾತ ಯಾರೂ ಹಾರಿಸಿರಲಿಲ್ಲ. ಅವರಿಗೆ ದೇಶಪ್ರೇಮ ಕಡಿಮೆ ಇತ್ತಾ?

ಇನ್ನೊಂದು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಶಿವಪುರದಲ್ಲಿ ಮೈಸೂರು ಸಂಸ್ಥಾನದ ಸರ್ಕಾರದ ನಿಷೇಧ ಮುರಿದು ಕಾಂಗ್ರೆಸ್ ಬಾವುಟ ಹಾರಿಸಿ ಜನ ಜೈಲಿಗೆ ಹೋದರು. ಅದೇ ತಿಂಗಳ 25ಕ್ಕೆ ಗೌರಿಬಿದನೂರು ಹತ್ತಿರದ ವಿದುರಾಶ್ವತ್ಥದಲ್ಲಿ ಸೇರಿದ್ದ ಜನರ ಮೇಲೆ ಪೊಲೀಸರು ಗುಂಡು ಹಾರಿಸಿದರು. ಆಮೇಲೆ ದಿವಾನ್ ಮಿರ್ಜಾ ಇಸ್ಮಾಯಿಲ್ ಮತ್ತು ವಲ್ಲಭಭಾಯಿ ಪಟೇಲರ ನಡುವೆ ಒಪ್ಪಂದ ಆಯಿತು, ಮೈಸೂರಿನ ಬಾವುಟದ ಜೊತೆ ಕಾಂಗ್ರೆಸ್ ಬಾವುಟವನ್ನೂ ಹಾರಿಸಬಹುದು ಅಂತ. ಒಂದನ್ನು ಇಳಿಸಿ ಇನ್ನೊಂದನ್ನು ಏರಿಸಲಿಲ್ಲ, ಗಮನಿಸಿ. ವಿದುರಾಶ್ವತ್ಥಕ್ಕೆ ಯಾರು ಬಂದರು, ಯಾರು ಬರಲಿಲ್ಲ ಅಂತ ಯಾರೂ ಲೆಕ್ಕ ಹಾಕುತ್ತಿರಲಿಲ್ಲ. ಬರಬೇಡಿ ಅಂತ ಪೊಲೀಸರು ಬಂದೂಕು ಹಿಡಿದು ನಿಂತಿದ್ದರು.

ರಾಷ್ಟ್ರಗೀತೆ ಬರೆದ ಟ್ಯಾಗೋರರೇ 1916ರಲ್ಲಿ ಜಪಾನಿಗೆ ಹೋಗಿ ರಾಷ್ಟ್ರವಾದದ ವಿರುದ್ಧ ಭಾಷಣ ಮಾಡಿದ್ದರು. ಮೊದಲು ಅದ್ದೂರಿಯಾಗಿ ಬರಮಾಡಿಕೊಂಡ ಜಪಾನಿನವರು ಭಾಷಣ ಕೇಳಿದ ಮೇಲೆ ತಣ್ಣಗಾದರು. ಇವತ್ತು ಆಗಿದ್ದರೆ ಅವರ ಬಾಲ್ಕನಿಗೂ ಸುತ್ತು ಬೀಳುತ್ತಿತ್ತು.

ನೇರಮಾತು

ಟ್ಯಾಗೋರರನ್ನು ಅರ್ಧ ಮಾತ್ರ ಹೇಳಬೇಡಿ. 1905ರಲ್ಲಿ ಬಂಗಾಳ ವಿಭಜನೆ ಆದಾಗ ಬೀದಿಗಿಳಿದು, ಹಿಂದೂ ಮುಸ್ಲಿಮರು ಒಬ್ಬರಿಗೊಬ್ಬರು ರಾಖಿ ಕಟ್ಟುವ ಹಾಗೆ ಮಾಡಿದವರೂ ಅವರೇ. ಅದೂ ಒಂದು ಗುರುತು, ನಾಲ್ಕು ಜನರ ಎದುರು ಕಟ್ಟಿದ್ದು. ಹೊರಗೆ ಕಾಣುವ ಗುರುತು ಬೇಡವೇ ಬೇಡ ಅಂತ ಅವರು ಹೇಳಲಿಲ್ಲ. ಮೂವರು ಮಕ್ಕಳ ತೀರ್ಪು ನನಗೆ ಗೊತ್ತು, ಅದರ ಬಗ್ಗೆ ತಕರಾರಿಲ್ಲ. ಅದು ನಂಬಿಕೆಯ ಪ್ರಶ್ನೆ. ಬೆಡ್‌ಶೀಟ್ ನಂಬಿಕೆಯ ಪ್ರಶ್ನೆಯಲ್ಲ ಸರ್, ಸೋಮಾರಿತನ! (ತಮಾಷೆಗೆ ಹೇಳಿದೆ.)

ಪಾಲಿಯೆಸ್ಟರ್ ವಿಷಯದಲ್ಲಿ ಮಾತ್ರ ಮೇಡಂ ಹೇಳಿದ್ದು ನನಗೂ ನಾಟಿತು. ಆದರೆ ಖಾದಿ ಬಾವುಟದ ಬೆಲೆ ಎಲ್ಲರ ಕೈಗೂ ಎಟುಕುವುದಿಲ್ಲ ಅನ್ನೋದೂ ನಿಜ ಅಲ್ವಾ?

ಬೆಂಗೇರಿ ಕಡೆಯವಳು

ಎಟುಕುವುದಿಲ್ಲ, ನಿಜ. ಮನೆಗೊಂದು ಬೇಡ. ಅಪಾರ್ಟ್‌ಮೆಂಟಿಗೆಲ್ಲ ಸೇರಿ ಒಂದು ಒಳ್ಳೆ ಖಾದಿ ಬಾವುಟ ತಂದರೆ ಸಾಕು. ಜೋಪಾನ ಮಾಡಿದರೆ ಎಷ್ಟೋ ವರ್ಷ ಬರುತ್ತದೆ. ಮಳೆಯಲ್ಲಿ ನೆನೆದರೆ ಮಡಚಿ ಇಡಬೇಡಿ, ನೆರಳಲ್ಲಿ ಒಣಗಿಸಿ.

ಮೂರನೇ ಮಹಡಿ

ಎಲ್ಲರಿಗೂ ಥ್ಯಾಂಕ್ಸ್. ನೇರಮಾತು ಅವರೇ, ನೀವು ಹೇಳಿದ 'ನಮ್ಮವರು' ಅನ್ನೋ ಮಾತನ್ನು ನಾನು ಪೂರ್ತಿ ಒಪ್ಪುತ್ತೇನೆ. ಅದಕ್ಕೇ ಕೇಳುವುದು: ಪಕ್ಕದ ಮನೆ ಅಜ್ಜಿ ನಮ್ಮವರಲ್ವಾ? ಯಾರೋ ನೋಡದ ಊರಿನವರನ್ನು ನಮ್ಮವರು ಅನ್ನಲು ಕಲಿಸಿದ ಬಾವುಟವನ್ನೇ ಹಿಡಿದು, ಅದೇ ಮಹಡಿಯವರನ್ನು ಹೊರಗಿನವರ ಪಟ್ಟಿಗೆ ಸೇರಿಸಿದರು.

ಗ್ರೂಪಿನಲ್ಲಿ ಉದ್ದ ಬರೆಯುವುದಿಲ್ಲ, ಅಜ್ಜಿಯನ್ನು ಮಧ್ಯೆ ಎಳೆಯುವುದೂ ಇಲ್ಲ. ಅಡ್ಮಿನ್‌ಗೆ ಫೋನ್ ಮಾಡಿ ಆ ಫೋಟೋ ತೆಗೆಯಿರಿ ಅಂದೆ. ಜನವರಿ 26ಕ್ಕೆ ಬ್ಲಾಕಿಗೊಂದು ಖಾದಿ ಬಾವುಟ ತರಿಸೋಣ, ನನ್ನ ಪಾಲಿನ ದುಡ್ಡು ಮೊದಲು ಕೊಡುತ್ತೇನೆ ಅಂತಲೂ ಹೇಳಿದೆ. ಬಾವುಟಕ್ಕೆ ತಕ್ಷಣ ಹೂಂ ಅಂದರು. ಫೋಟೋ ಮಾತ್ರ 'ಹಾಕಿದವರಿಗೆ ಬೇಜಾರಾಗುತ್ತದೆ, ನೋಡೋಣ' ಅಂತಿದ್ದಾರೆ. ಇನ್ನೂ ಅಲ್ಲೇ ಇದೆ.